ಏಳು ನೀರಿನ ಗಸಗಸೆ

ಆ ಬೀದಿಯಲ್ಲಿ ಅವರ ನಿಜವಾದ ಹೆಸರು ಗೊತ್ತಿದ್ದವರು ಇಬ್ಬರೇ. ಒಬ್ಬರು ಅವರ ಯಜಮಾನರು, ಇನ್ನೊಬ್ಬ ಅಂಚೆಯವನು. ಉಳಿದವರಿಗೆಲ್ಲ ಅವರು ಗಸಗಸೆಯಮ್ಮ. ಎಪ್ಪತ್ತೊಂದು ವರ್ಷ, ಕುಳ್ಳು ಶರೀರ, ಮೂಗಿನ ತುದಿಗೆ ಜಾರಿದ ಕನ್ನಡಕ. ಮಾವನವರಿಂದ ಬಂದ ಗಂಧಿಗೆ ಅಂಗಡಿಯನ್ನು ನಡೆಸುತ್ತಿದ್ದವರು ಅವರೇ. ಬೇರು, ತೊಗಟೆ, ಒಣಹೂವು, ಬೀಜ ತುಂಬಿದ ಡಬ್ಬಗಳು ನೆಲದಿಂದ ಸೂರಿನವರೆಗೆ ಸಾಲಾಗಿ ನಿಂತಿದ್ದವು. ಯಜಮಾನರು ಬಾಗಿಲ ಬಳಿ ಕುರ್ಚಿ ಹಾಕಿಕೊಂಡು ಪೊಟ್ಟಣ ಕಟ್ಟುತ್ತ, ಬಂದವರೊಡನೆ ಹರಟೆ ಕೊಚ್ಚುತ್ತ ಕಾಲ ಕಳೆಯುತ್ತಿದ್ದರು.

ಅಷ್ಟು ಡಬ್ಬಗಳಿದ್ದರೂ ಗಸಗಸೆಯ ಡಬ್ಬವನ್ನು ಮಾತ್ರ ಆಕೆ ಬೇರೆಯವರಿಗೆ ಮುಟ್ಟಗೊಡುತ್ತಿರಲಿಲ್ಲ. ಅದಕ್ಕೊಂದು ಕಾರಣವಿತ್ತು.

ಮದುವೆಯಾಗಿ ಬಂದ ಹೊಸತರಲ್ಲಿ ಒಂದು ದಿನ ಮಾವನವರು ಒಣಗಿದ ಕಾಯಿಯೊಂದನ್ನು ಅವರ ಅಂಗೈಯ ಮೇಲಿಟ್ಟಿದ್ದರು. ಗೋಲಿಗಿಂತ ದೊಡ್ಡದು, ನಿಂಬೆಗಿಂತ ಚಿಕ್ಕದು, ನೆತ್ತಿಯ ಮೇಲೊಂದು ಪುಟ್ಟ ಕಿರೀಟ. ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದರೆ ದೂರದಲ್ಲೆಲ್ಲೋ ಮರಳು ಜಾರಿದಂಥ ಸದ್ದು. ಮಾವನವರು ಕಾಗದ ಹಾಸಿ ಕಾಯಿಯನ್ನು ಒಡೆದರು. ಬಿಳಿಯ ಬೀಜಗಳು ಸುರಿದವು, ಸುರಿಯುತ್ತಲೇ ಇದ್ದವು.

"ಎಣಿಸಮ್ಮ, ನೋಡೋಣ," ಎಂದರು.

ಸೊಸೆ ಸೂಜಿಯ ತುದಿಯಿಂದ ಒಂದೊಂದನ್ನೇ ಸರಿಸುತ್ತ ಮುನ್ನೂರ ಹನ್ನೆರಡರವರೆಗೆ ಬಂದಳು. ಅಷ್ಟರಲ್ಲಿ ಅವಳಿಗೆ ಸೀನು ಬಂತು. ಕಾಗದ ಬರಿದಾಯಿತು.

ಮಾವನವರು ಬಿದ್ದು ಬಿದ್ದು ನಕ್ಕರು. ಆಮೇಲೆ ಕಾಯಿಯ ಸಿಪ್ಪೆಯ ಚೂರೊಂದನ್ನು ಅವಳ ನಾಲಿಗೆಗೆ ತಾಗಿಸಿದರು. ಎಂಥ ಕಹಿ! ಮುಖ ಹಿಂಡಿಹೋಯಿತು. ನೆಲದಿಂದ ಆಯ್ದ ನಾಲ್ಕು ಬೀಜಗಳನ್ನು ಕೊಟ್ಟರು. ಅಗಿದಾಗ ಎಣ್ಣೆಯ ಸವಿ, ಹಾಲಿನ ಸವಿ.

"ಈ ಕಾಯಿ ಹಸಿಯಾಗಿದ್ದಾಗ ಗೀರಿದರೆ ಹಾಲು ಒಸರುತ್ತೆ ಕಣಮ್ಮ. ಅದೇ ಅಫೀಮು. ನೋವಲ್ಲಿ ಒದ್ದಾಡೋನಿಗೆ ವೈದ್ಯರು ಕೊಟ್ಟರೆ ಅದು ತಾಯಿ. ಅಳತೆ ತಪ್ಪಿದರೆ ಅದೇ ಯಮ. ಅಂಥದ್ದರ ಹೊಟ್ಟೇಲಿ ಹುಟ್ಟಿದ ಬೀಜ ನೋಡು, ಹೀಗಿದೆ. ತಾನು ಕಹಿಯಾಗಿದ್ದು ಮಕ್ಕಳನ್ನ ಸಿಹಿಯಾಗಿ ಬೆಳೆಸ್ತು. ನಾನು ಅರವತ್ತು ವರ್ಷದಿಂದ ನೋಡ್ತಿದೀನಿ, ಇವತ್ತಿಗೂ ಇದು ನನಗೆ ಅರ್ಥ ಆಗಿಲ್ಲ."

ಸೊಸೆಗೂ ಅರ್ಥವಾಗಲಿಲ್ಲ. ಆದರೆ ಅಂದಿನಿಂದ ಗಸಗಸೆಯೆಂದರೆ ಅವಳಿಗೆ ಒಂದು ಬಗೆಯ ಭಯಭಕ್ತಿ. ಕಾಯಿ ಮಾರಬಾರದೆಂಬ ಕಾನೂನು ಬಂದಾಗ ಮಾವನವರು ಇದ್ದಬದ್ದ ಕಾಯಿಗಳನ್ನೆಲ್ಲ ಮೂಟೆ ಕಟ್ಟಿ ಕಚೇರಿಗೆ ಒಪ್ಪಿಸಿದರು. ಅಂಗಡಿಯಲ್ಲಿ ಬೀಜ ಮಾತ್ರ ಉಳಿಯಿತು. ಬೀಜಕ್ಕೆ ಕೆಲಸ ಕಡಿಮೆಯೇನಿರಲಿಲ್ಲ. ಬೇಕರಿಯವನು ಬ್ರೆಡ್ಡಿನ ನೆತ್ತಿಗೆ ಉದುರಿಸಲು ಒಯ್ಯುತ್ತಿದ್ದ. ಹೋಟೆಲಿನ ಭಟ್ಟರು ತರಕಾರಿಯ ರಸ ಗಟ್ಟಿಯಾಗಲೆಂದು ಅರೆದು ಹಾಕುತ್ತಿದ್ದರು. ಬಾಯಿಹುಣ್ಣಿಗೆ ಸಕ್ಕರೆಯೊಡನೆ, ತಲೆಯ ತುರಿಕೆಗೆ ಮೊಸರಿನೊಡನೆ, ನಿದ್ದೆ ಬಾರದವರಿಗೆ ಹಾಲು ಹಿಂಡಿ ಕಾಯಿಸಿ. ಇವೆಲ್ಲ ಆ ಬೀದಿಯ ಮನೆಗಳಲ್ಲಿ ಅಜ್ಜಿಯರ ಕಾಲದಿಂದ ನಡೆದು ಬಂದದ್ದು.

ಮಾವನವರು ಒಂದು ನಿಯಮ ಹೇಳಿಕೊಟ್ಟಿದ್ದರು. ಗಸಗಸೆ ಕೊಂಡವರಿಗೆಲ್ಲ "ಏಳು ನೀರಲ್ಲಿ ತೊಳೆದು ಆಮೇಲೆ ಅರೀರಿ" ಎನ್ನಬೇಕು. ಏಕೆ ಎಂದು ಅವರೂ ಹೇಳಲಿಲ್ಲ, ಇವರೂ ಕೇಳಲಿಲ್ಲ. ಧೂಳಿಗಿರಬೇಕು ಎಂದುಕೊಂಡರು. ಮಾವನವರು ತೀರಿಕೊಂಡ ಮೇಲೆ ಗಸಗಸೆಯಮ್ಮ ಕೂದಲಿನಷ್ಟು ಸಣ್ಣ ಕಣ್ಣಿನ ಮೂರು ಜರಡಿಗಳನ್ನು ಮಾಡಿಸಿದರು. ಮೂರರಲ್ಲೂ ಹಿಡಿದು, ಮೊರದಲ್ಲಿ ಕೇರಿ, ಕನ್ನಡಿಯ ಮೇಲೆ ಉದುರಿಸಿ ಪರೀಕ್ಷಿಸುವರು. ಕನ್ನಡಿಗೆ ಒಂದು ಕಣ ಧೂಳು ಅಂಟಿದರೂ ಮತ್ತೆ ಮೊದಲಿನಿಂದ. ಇಷ್ಟು ಮಾಡಿದ ಮೇಲೆ ತೊಳೆಯಿರಿ ಎನ್ನುವುದು ಅವರಿಗೆ ಅವಮಾನವೆಂದೇ ತೋರುತ್ತಿತ್ತು. ಕ್ರಮೇಣ ಆ ಮಾತು ಬಿಟ್ಟುಹೋಯಿತು.

ಮೂರನೆಯ ಮನೆಯ ಬಸ್ ಡ್ರೈವರನ ಹೆಂಡತಿ ಬಂದದ್ದು ಹಾಗೆ ಬಿಟ್ಟುಹೋಗಿ ಹತ್ತು ವರ್ಷವಾದ ಮೇಲೆ. ಗಂಡನಿಗೆ ಪಾಳಿ ಬದಲಾಗಿ ನಿದ್ದೆ ಹತ್ತುತ್ತಿಲ್ಲವೆಂದಳು. ಗಸಗಸೆಯಮ್ಮ ಪೊಟ್ಟಣ ಕೊಟ್ಟು, ನೆನೆಹಾಕಿ ಅರೆದು ಹಾಲು ಹಿಂಡುವ ಬಗೆ ಹೇಳಿದರು.

"ತೊಳೀಬೇಕಾ ಅಮ್ಮಾ? ನಮ್ಮತ್ತೆ ತೊಳೀತಿದ್ರು."

"ಯಾಕಮ್ಮ? ಮೂರು ಜರಡಿ ಹಿಡಿದಿದೀನಿ. ನಿಮ್ಮತ್ತೆ ಬೇರೆ ಅಂಗಡೀಲಿ ತರ್ತಿದ್ರೇನೋ. ನೆನೆಸಿದ ನೀರೂ ಚೆಲ್ಲಬೇಡ, ಅದರಲ್ಲೇ ಅರಿ. ಸತ್ವ ಎಲ್ಲ ಅದರಲ್ಲೇ ಇರೋದು."

ಡ್ರೈವರನಿಗೆ ಮೊದಲ ದಿನವೇ ಕಣ್ಣು ತುಂಬ ನಿದ್ದೆ. ವಾರವಾದ ಮೇಲೆ ಅಂಗಡಿಯ ಮುಂದೆ ನಿಂತು ಕೈಮುಗಿದ. "ಅಮ್ಮಾ, ಹತ್ತು ವರ್ಷದ ನಿದ್ದೆ ಒಂದೇ ವಾರದಲ್ಲಿ ವಸೂಲಾಯ್ತು!" ಗಸಗಸೆಯಮ್ಮನಿಗೆ ಬೀಗಲು ಅಷ್ಟು ಸಾಕಾಗಿತ್ತು.

ಮರುವಾರವೇ ಡ್ರೈವರನ ಹೆಂಡತಿ ಮತ್ತೆ ಬಂದಳು. ಕೂಗಾಡಲಿಲ್ಲ. ಉಳಿದ ಗಸಗಸೆಯ ಪೊಟ್ಟಣವನ್ನು ಕಟ್ಟೆಯ ಮೇಲಿಟ್ಟಳು, ಅಷ್ಟೆ.

"ಇದಕ್ಕೆ ಏನು ಬೆರೆಸಿದೀರಿ ಅಮ್ಮಾ?"

ಡಿಪೋದಲ್ಲಿ ಡ್ರೈವರುಗಳ ಮೂತ್ರ ಪರೀಕ್ಷೆ ನಡೆದಿತ್ತು. ಇವಳ ಗಂಡನದರಲ್ಲಿ ಅಫೀಮು ಸಿಕ್ಕಿತ್ತು. ಇಪ್ಪತ್ತೆರಡು ವರ್ಷ ಒಂದು ಗೀರೂ ಬೀಳದಂತೆ ಬಸ್ಸು ಓಡಿಸಿದವನ ಕೈಯಿಂದ ಕೀಲಿಕೈ ಕಿತ್ತುಕೊಂಡಿದ್ದರು. ಹದಿನೈದು ದಿನದಲ್ಲಿ ಒಪ್ಪುವಂಥ ಸಮಜಾಯಿಷಿ ಕೊಡದಿದ್ದರೆ ಕೆಲಸ ಹೋಗುತ್ತದೆ, ಮುಂದೆ ಎಲ್ಲಿಯೂ ಬಸ್ಸು ಮುಟ್ಟುವಂತಿಲ್ಲ.

"ಬೀಡಿ ಕೂಡ ಸೇದದ ಮನುಷ್ಯ. ಬೀದೀಲಿ ತಲೆ ಎತ್ತಿ ಓಡಾಡ್ತಿಲ್ಲ," ಎಂದು ಹೇಳಿ ಆಕೆ ಹೊರಟುಹೋದಳು.

ಯಜಮಾನರು ಪೊಟ್ಟಣ ಕಟ್ಟುವುದನ್ನು ನಿಲ್ಲಿಸಿದರು. "ಗಸಗಸೇಲಿ ಎಲ್ಲಿಂದ ಬರತ್ತೇ ಅಫೀಮು? ಅವನೇ ಎಲ್ಲೋ ತಿಂದಿರ್ತಾನೆ ಬಿಡು."

ಗಸಗಸೆಯಮ್ಮ ಆ ಪೊಟ್ಟಣವನ್ನೇ ಒಳಗೆ ಒಯ್ದರು. ಬಿಳಿಯ ಪಿಂಗಾಣಿ ಬಟ್ಟಲಿಗೆ ಸುರಿದು, ನೀರು ಹಾಕಿ, ಕೈಯಾಡಿಸಿದರು. ನೀರು ತುಸು ಮಬ್ಬಾಯಿತು. ಬೆರಳದ್ದಿ ನಾಲಿಗೆಗೆ ಮುಟ್ಟಿಸಿದರು.

ಕಹಿ.

ಐವತ್ತು ವರ್ಷದ ಹಿಂದೆ ಸಿಪ್ಪೆಯ ಚೂರು ಮುಟ್ಟಿದ್ದೂ ಇದೇ ನಾಲಿಗೆ. ಅದು ಸುಳ್ಳು ಹೇಳುವಂತಿರಲಿಲ್ಲ. ಆಕೆ ನೀರು ಬಸಿದರು, ಮತ್ತೆ ಹಾಕಿದರು. ಎರಡನೆಯದೂ ಕಹಿ, ಆದರೆ ಕಡಿಮೆ. ಮೂರು, ನಾಲ್ಕು. ಐದನೆಯದರಲ್ಲಿ ಕಹಿಯೋ ಅಲ್ಲವೋ ಎಂಬಂತಾಯಿತು. ಏಳನೆಯ ನೀರು ಬರಿಯ ನೀರು. ಬೀಜ ಅಗಿದರು. ಹಾಲಿನ ಸವಿ, ಎಣ್ಣೆಯ ಸವಿ, ಮೊದಲಿನ ಹಾಗೆಯೇ.

ಗಸಗಸೆಯಮ್ಮ ನೆಲದ ಮೇಲೆ ಕುಳಿತುಬಿಟ್ಟರು. ಬೀಜದ ಒಳಗೆ ಏನೂ ಇಲ್ಲ. ಆದರೆ ಹೆತ್ತ ಕಾಯಿ ಒಡೆಯುವಾಗ ತನ್ನ ಹಾಲಿನ ಒಂದು ಲೇಪವನ್ನು ಮಕ್ಕಳ ಮೈಗೆ ಸವರಿ ಕಳಿಸಿದೆ. ಕಣ್ಣಿಗೆ ಕಾಣದು, ಜರಡಿಗೆ ಸಿಗದು, ಕನ್ನಡಿಗೆ ಅಂಟದು. ಅದಕ್ಕೆ ನೀರೊಂದೇ ದಾರಿ. ಇದನ್ನು ಯಾವ ಯಂತ್ರವೂ ಇಲ್ಲದ ಕಾಲದಲ್ಲಿ ಯಾರು ಕಂಡುಹಿಡಿದರು? ಆರಲ್ಲ, ಎಂಟಲ್ಲ, ಏಳು ಎಂದು ಯಾರ ನಾಲಿಗೆ ಲೆಕ್ಕ ಹಾಕಿತು?

ಬೆರಗಿನ ಬೆನ್ನಲ್ಲೇ ಇನ್ನೊಂದು ಅರಿವು ಬಂದು ಎದೆಗೆ ಒದೆಯಿತು. ತೊಳೆಯಬೇಡ ಎಂದವರು ತಾವೇ. ಆ ನೀರನ್ನೂ ಕುಡಿಸಿದವರು ತಾವೇ.

ಮರುದಿನ ಬೆಳಿಗ್ಗೆ ಗಂಡಹೆಂಡಿರಿಬ್ಬರೂ ಡಿಪೋಗೆ ಹೋದರು. ಅಲ್ಲಿನ ಡಾಕ್ಟರಮ್ಮ ಮೂವತ್ತೈದರ ಹೆಣ್ಣುಮಗಳು, ಮಾತು ಚುರುಕು. ಗಸಗಸೆಯಮ್ಮ ಎಲ್ಲವನ್ನೂ ಹೇಳಿ, "ನನಗೂ ಆ ಪರೀಕ್ಷೆ ಮಾಡಿ" ಎಂದರು.

"ನಿಮಗಾ? ನೀವು ಬಸ್ಸು ಓಡಿಸ್ತೀರಾ ಅಜ್ಜಿ?"

"ಐವತ್ತು ವರ್ಷದಿಂದ ಇವರನ್ನ ಓಡಿಸಿಕೊಂಡು ಬಂದಿದೀನಿ. ಬಸ್ಸೇನು ಮಹಾ?"

ಯಜಮಾನರು, "ಬ್ರೇಕಿಲ್ಲದ ಗಾಡಿ ನಾನು," ಎಂದು ತಲೆದೂಗಿದರು.

ಡಾಕ್ಟರಮ್ಮ ನಕ್ಕರೂ ವಿಷಯವನ್ನು ಹಗುರವಾಗಿ ಹಿಡಿಯಲಿಲ್ಲ. ಗಸಗಸೆ ತಿಂದವರಲ್ಲಿ ಹೀಗೆ ಆಗಬಹುದೆಂದು ಎಲ್ಲೋ ಓದಿದ್ದರಂತೆ, ಕಣ್ಣಾರೆ ಕಂಡಿರಲಿಲ್ಲ. ಮ್ಯಾನೇಜರನ್ನು ಕರೆಸಿದರು. ಮ್ಯಾನೇಜರು ಬಿಗಿ ಮುಖದ ಮನುಷ್ಯ. "ನಮ್ಮ ಬಸ್ಸಲ್ಲಿ ಜನ ಪ್ರಾಣ ಇಟ್ಟುಕೊಂಡು ಕೂತಿರ್ತಾರೆ, ಅಜ್ಜಿ ಕಥೆ ಕೇಳಿ ಕೀಲಿಕೈ ಕೊಡೋಕಾಗಲ್ಲ. ನನ್ನ ಕಣ್ಮುಂದೆ ತೋರಿಸಿ," ಎಂದರು. ಆ ಮಾತು ಗಸಗಸೆಯಮ್ಮನಿಗೂ ನ್ಯಾಯವೆನಿಸಿತು.

ಮೊದಲು ತೊಳೆದ ಗಸಗಸೆ. ಡ್ರೈವರನಿಗೆ ಕೊಟ್ಟ ಅದೇ ಡಬ್ಬದ ಬೀಜ, ಅವನು ಕುಡಿಯುತ್ತಿದ್ದಷ್ಟೇ ಅಳತೆ. ಡಾಕ್ಟರಮ್ಮನ ಕೋಣೆಯ ತೊಟ್ಟಿಯಲ್ಲಿ ಏಳು ನೀರು ಬಸಿದು, ಮನೆಯಿಂದ ಹೊತ್ತು ತಂದಿದ್ದ ಪುಟ್ಟ ಒರಳಿನಲ್ಲಿ ಅರೆದು, ಹಾಲು ಹಿಂಡಿ, ಕಾಯಿಸಿ ಕುಡಿದರು. ಮಧ್ಯಾಹ್ನ ಶೀಶೆ ಹಿಡಿದು ಹೋಗಿ ಬಂದರು. ಡಾಕ್ಟರಮ್ಮ ಅದರಲ್ಲಿ ಕಾಗದದ ಪಟ್ಟಿಯೊಂದನ್ನು ಅದ್ದಿದರು.

"ಎರಡು ಗೆರೆ ಮೂಡಿದರೆ ಏನೂ ಇಲ್ಲ ಅಂತ. ಅಫೀಮಿದ್ದರೆ ಎರಡನೇ ಗೆರೆ ಬರಲ್ಲ."

ಕೆಂಪು ಗೆರೆ ಒಂದು ಮೂಡಿತು. ಹಿಂದೆಯೇ ಮತ್ತೊಂದು.

"ಇದರಿಂದ ಏನು ಸಿದ್ಧವಾಯ್ತು?" ಎಂದರು ಮ್ಯಾನೇಜರು. "ಗಸಗಸೇಲಿ ಏನೂ ಇಲ್ಲ ಅಂತಲೇ ಆಯ್ತಲ್ಲ. ಡ್ರೈವರಿಗೆ ಇನ್ನೂ ಕಷ್ಟ."

"ಅರ್ಧ ಆಗಿದೆ ಸ್ವಾಮಿ," ಎಂದರು ಗಸಗಸೆಯಮ್ಮ.

ನಾಲ್ಕು ದಿನ ಬಿಟ್ಟು ಮತ್ತೆ ಹೋದರು. ಅಂದು ಡ್ರೈವರನೂ ಅವನ ಹೆಂಡತಿಯೂ ಗೋಡೆಗೆ ಒರಗಿ ನಿಂತಿದ್ದರು. ಗಸಗಸೆಯಮ್ಮ ಅದೇ ಡಬ್ಬದ ಬೀಜವನ್ನು ತೊಳೆಯದೆ, ನೆನೆಸಿದ ನೀರನ್ನು ಚೆಲ್ಲದೆ, ಅದರಲ್ಲೇ ಅರೆದು ಕಾಯಿಸಿದರು. ಲೋಟವನ್ನು ಎತ್ತಿದಾಗ ಯಜಮಾನರು ಮೆಲ್ಲಗೆ ಸೆರಗು ಜಗ್ಗಿದರು.

"ಈ ವಯಸ್ಸಲ್ಲಿ ಬೇಕಾ ಇದು? ನಾನು ಕುಡೀತೀನಿ ಕೊಡು."

"ನೀವು ಬರೀ ನೀರು ಕುಡಿದ್ರೂ ಗೊರಕೆ ಹೊಡೀತೀರಿ. ಯಾರು ನಂಬ್ತಾರೆ?" ಎಂದು ಗಟಗಟನೆ ಕುಡಿದರು. ಡಾಕ್ಟರಮ್ಮ ನಾಡಿ ಹಿಡಿದು ಪಕ್ಕದಲ್ಲೇ ಕುಳಿತರು.

ಮಧ್ಯಾಹ್ನ ಡಾಕ್ಟರಮ್ಮ ಮತ್ತೆ ಪಟ್ಟಿಯನ್ನು ಅದ್ದಿದರು. ಮೊದಲನೆಯ ಗೆರೆ ಮೂಡಿತು. ಆರೂ ಜನ ಎರಡನೆಯದಕ್ಕೆ ಕಾದರು. ಬಿಳಿಯ ಕಾಗದ ಬಿಳಿಯಾಗಿಯೇ ಉಳಿಯಿತು. ಡಾಕ್ಟರಮ್ಮ ಪಟ್ಟಿಯನ್ನು ಕಿಟಕಿಯ ಬೆಳಕಿಗೆ ಹಿಡಿದು, ಇನ್ನೊಂದನ್ನು ಅದ್ದಿ ನೋಡಿದರು. ಅದೂ ಹಾಗೆಯೇ.

"ಅಯ್ಯೋ ದೇವರೇ," ಎಂದರು ಮ್ಯಾನೇಜರು. ಬಿಗಿ ಮುಖದ ಮನುಷ್ಯ ಕನ್ನಡಕ ತೆಗೆದು ಬಗ್ಗಿ ನೋಡಿದರು. "ಅದೇ ಡಬ್ಬ, ಅದೇ ಅಜ್ಜಿ. ಮಧ್ಯೆ ಇದ್ದದ್ದು ನೀರು ಮಾತ್ರ!"

"ಸರ್ಕಾರಕ್ಕೆ ನಾನು ಬರೀತೀನಿ," ಎಂದರು ಡಾಕ್ಟರಮ್ಮ. ಅವರ ದನಿ ಇಳಿದಿತ್ತು. "ಆ ಏಳು ನೀರಿನ ಮಾತು ಹೇಳಿಕೊಟ್ಟೋರ ಕಾಲಿಗೆ ಬೀಳಬೇಕು ಅನ್ಸತ್ತೆ ಅಜ್ಜಿ."

ಮ್ಯಾನೇಜರು ಕಡತವನ್ನು ಎಳೆದುಕೊಂಡರು. "ಆದ್ರೆ ಕಡತಕ್ಕೆ ಒಂದು ಕಾಗದ ಬೇಕಮ್ಮ. ತೊಳೀಬೇಡಿ ಅಂತ ಹೇಳಿ ಮಾರಿದ್ದು ನಾನೇ ಅಂತ, ಅಂಗಡಿ ಹೆಸರು ಹಾಕಿ ಬರೆದು ಕೊಡ್ತೀರಾ? ನೋಟೀಸು ಬೋರ್ಡಿಗೂ ಅಂಟಿಸಬೇಕಾಗತ್ತೆ. ಉಳಿದ ಡ್ರೈವರುಗಳಿಗೆ ಗೊತ್ತಾಗಬೇಕಲ್ಲ."

ಯಜಮಾನರ ಮುಖ ಬಾಡಿತು. "ಅಪ್ಪ ಕಟ್ಟಿದ ಅಂಗಡಿ ಕಣೇ," ಎಂದರು ಸಣ್ಣ ದನಿಯಲ್ಲಿ.

ಗಸಗಸೆಯಮ್ಮ ಗೋಡೆಯ ಕಡೆ ನೋಡಿದರು. ಡ್ರೈವರ್ ತಲೆ ತಗ್ಗಿಸಿ ನಿಂತಿದ್ದ. ಕೀಲಿಕೈ ಇಲ್ಲದ ಅವನ ಕೈಗಳು ಎಲ್ಲಿರಬೇಕೆಂದು ತಿಳಿಯದೆ ಒಮ್ಮೆ ಜೇಬಿಗೆ, ಒಮ್ಮೆ ಬೆನ್ನಿಗೆ ಹೋಗುತ್ತಿದ್ದವು.

"ಅಪ್ಪ ಹೇಳಿದ್ದನ್ನ ಕಟ್ಟಿ ಮೂಲೆಗಿಟ್ಟೋಳು ನಾನು. ಅವರ ಹೆಸರಿಗೇನೂ ಆಗಲ್ಲ. ಕೊಡಿ ಸ್ವಾಮಿ ಪೆನ್ನು."

ದೊಡ್ಡ ದೊಡ್ಡ ಅಕ್ಷರಗಳಲ್ಲಿ ಬರೆದರು. ಏಳು ನೀರಿನಲ್ಲಿ ತೊಳೆಯಬೇಕೆಂದು ನಮ್ಮ ಮಾವನವರು ಹೇಳಿದ್ದರು, ನಾನು ನನ್ನ ಜರಡಿಯ ಹೆಮ್ಮೆಯಿಂದ ಅದನ್ನು ಬಿಟ್ಟೆ, ಈ ಡ್ರೈವರದು ಏನೂ ತಪ್ಪಿಲ್ಲ ಎಂದು ಬರೆದು, ಬೀದಿಯಲ್ಲಿ ಇಬ್ಬರಿಗೆ ಮಾತ್ರ ಗೊತ್ತಿದ್ದ ತಮ್ಮ ಹೆಸರನ್ನು ಕೆಳಗೆ ಹಾಕಿದರು.

ಗಸಗಸೆ ನಿಲ್ಲಿಸಿದ್ದ ಡ್ರೈವರನನ್ನು ಡಾಕ್ಟರಮ್ಮ ಅಂದೇ ಮತ್ತೆ ಪರೀಕ್ಷಿಸಿದರು. ಎರಡು ಗೆರೆ, ಅಚ್ಚುಕಟ್ಟಾಗಿ. ಮ್ಯಾನೇಜರು ಆಜ್ಞೆಗೆ ರುಜು ಹಾಕಿ ಕೀಲಿಕೈಯನ್ನು ಅವನ ಕೈಗಿತ್ತರು. "ಸಾಯಂಕಾಲದ ಬಸ್ಸು ನಿಂದೇ. ಬ್ರೆಡ್ಡಿನ ಮೇಲೆ ಕಂಡರೂ ಕೊಡವಿ ತಿನ್ನು!"

ಡ್ರೈವರನ ಹೆಂಡತಿ ಗಸಗಸೆಯಮ್ಮನ ಕೈ ಹಿಡಿದುಕೊಂಡಳು. "ಏನು ಬೆರೆಸಿದೀರಿ ಅಂದುಬಿಟ್ಟೆ ಅಮ್ಮಾ ಅವತ್ತು..."

"ಕೇಳಿದ್ದು ಒಳ್ಳೇದೇ ಆಯ್ತು. ಕೇಳದೆ ಇದ್ದಿದ್ರೆ ನಾನು ನೋಡ್ತಾನೇ ಇರ್ಲಿಲ್ಲ."

ಮನೆಗೆ ಹಿಂದಿರುಗಿದ್ದು ಅವನ ಬಸ್ಸಿನಲ್ಲೇ. ಒರಳನ್ನು ಮಡಿಲಲ್ಲಿಟ್ಟುಕೊಂಡು ಗಸಗಸೆಯಮ್ಮ ಮುಂದಿನ ಸೀಟಿನಲ್ಲಿ ಕುಳಿತರು. ನಿಲ್ದಾಣ ಬಂದಂತೆಲ್ಲ ಜನ ಹತ್ತಿದರು, ಇಳಿದರು. ಯಾರೂ ಡ್ರೈವರನ ಮುಖ ನೋಡಲಿಲ್ಲ. ಅವನನ್ನು ನಂಬಿ ತಮ್ಮ ಪಾಡಿಗೆ ತಾವು ಹರಟಿದರು, ತೂಕಡಿಸಿದರು. ಇಷ್ಟು ದೊಡ್ಡ ಗಾಡಿಯನ್ನು ಒಂದು ಬೀಜದ ಮೈಮೇಲಿನ ಲೇಪ ಹನ್ನೆರಡು ದಿನ ನಿಲ್ಲಿಸಿಬಿಟ್ಟಿತ್ತಲ್ಲ ಎಂದು ಗಸಗಸೆಯಮ್ಮ ಬೆರಗಿನಿಂದ ನೋಡುತ್ತಲೇ ಇದ್ದರು.

"ಅಮ್ಮಾ," ಎಂದ ಡ್ರೈವರ್, ರಸ್ತೆಯಿಂದ ಕಣ್ಣು ತೆಗೆಯದೆ. "ಈಗ ನನ್ನ ನಿದ್ದೆಗೇನು ಗತಿ?"

"ಡಾಕ್ಟರಮ್ಮನ್ನ ಕೇಳು, ಮಗಾ. ನನಗೆ ಗೊತ್ತಿರೋದು ಎಷ್ಟು ಕಡಿಮೆ ಅಂತ ನನಗೆ ಈ ವಾರ ಗೊತ್ತಾಗಿದೆ."

ಡ್ರೈವರ್ ನಕ್ಕು, ತಿರುವಿನಲ್ಲಿ ಸ್ಟೀರಿಂಗನ್ನು ನಯವಾಗಿ ತಿರುಗಿಸಿದ. ಮಡಿಲ ಒರಳು ಅಲುಗಲಿಲ್ಲ.