ಇಸ್ತ್ರಿ ಅಕ್ಕನ ಬೆನ್ನಿನವನು

ಆ ಬೀದಿಯಲ್ಲಿ ಮದುವೆಗೆ ಹೊರಟವರಿರಲಿ, ಕೋರ್ಟಿಗೆ ಹೊರಟವರಿರಲಿ, ಇಸ್ತ್ರಿ ಅಕ್ಕನ ಕೈ ದಾಟದೆ ಯಾರ ಅಂಗಿಯೂ ಬೀದಿಗಿಳಿಯುತ್ತಿರಲಿಲ್ಲ. ಮುಂದಿನ ಕೋಣೆ ಅಂಗಡಿ, ಹಿಂದಿನದು ಮನೆ, ನಡುವೆ ತಂತಿಗೆ ನೇತುಹಾಕಿದ ಬಟ್ಟೆಗಳೇ ಗೋಡೆ. ಕಾಲರಿನಲ್ಲಿ ಒಂದು ಸುಕ್ಕು ಉಳಿದರೂ ಅವಳಿಗೆ ಊಟ ಸೇರದು. ಅಂಥವಳು ಹೊದೆಯುವ ಕಂದು ಹೊದಿಕೆ ಮಾತ್ರ ನೀರು ಕಂಡದ್ದೇ ಇಲ್ಲ. ದೀಪದ ಬುಡದಲ್ಲೇ ಕತ್ತಲೆ ಎಂದು ಅಕ್ಕಪಕ್ಕದವರು ಆಡಿಕೊಳ್ಳುತ್ತಿದ್ದರು. ಬಸ್ಸು ಓಡಿಸುವ ಗಂಡನಂತೂ, ಆ ಹೊದಿಕೆಯನ್ನು ನೆಲಕ್ಕಿಟ್ಟರೆ ತಾನಾಗಿಯೇ ನಿಂತುಕೊಳ್ಳುತ್ತದೆ ಎಂದು ಕಂಡಕ್ಟರನ ಎದುರಿಗೂ ಹೇಳಿ ನಗುತ್ತಿದ್ದ. ಅಕ್ಕ ಯಾರಿಗೂ ಉತ್ತರ ಕೊಡುತ್ತಿರಲಿಲ್ಲ.

ಉತ್ತರ ಕೊಟ್ಟರೂ ಯಾರು ನಂಬಬೇಕು? ನಾವು ನೀವು ಕನಸು ಕಾಣುತ್ತೇವೆ. ಅವಳ ತವರಿನ ಹೆಂಗಸರು ಕನಸಿಗೆ ಹೋಗಿಬರುತ್ತಾರೆ. ಕಣ್ಣು ಮುಚ್ಚಿದರೆ ದಾರಿ, ದಾರಿ ಹಿಡಿದರೆ ಗುರುತಿಲ್ಲದ ಬೀದಿಗಳು. ಹೋಗುವವಳ ಬೆನ್ನ ಹಿಂದೆಯೇ ಒಬ್ಬ ಬರುತ್ತಾನೆ. ಅವನನ್ನು ಅವರೆಲ್ಲ ಬೆನ್ನಿನವನು ಎನ್ನುತ್ತಾರೆ. ಮುಖ ಕಂಡವರಿಲ್ಲ, ತಿರುಗಿ ನೋಡುವಂತೆಯೂ ಇಲ್ಲ. ಕತ್ತಿನ ಮೇಲೆ ಅವನ ಬಿಸಿಯುಸಿರು ತಾಗುತ್ತದೆ, ಅಷ್ಟೆ. ಸಾಕೆನಿಸಿದಾಗ ಅವನೇ ಮೆಲ್ಲಗೆ ಭುಜ ತಳ್ಳುತ್ತಾ ಮನೆ ಮುಟ್ಟಿಸುತ್ತಾನೆ.

ಮನೆಯ ದಾರಿ ಅವನಿಗೆ ತಿಳಿಯುವುದು ಹೊದಿಕೆಯ ವಾಸನೆಯಿಂದ. "ಅವನಿಗೆ ಕಣ್ಣಿಲ್ಲ ಕಣೇ, ಮೂಗೇ ಎಲ್ಲ. ಹೊದಿಕೆ ಯಾರಿಗೂ ಕೊಡಬೇಡ, ತೊಳೀಲೂ ಬೇಡ" ಎಂದು ತಾಯಿ ಮದುವೆಯ ದಿನವೇ ಎಚ್ಚರಿಸಿದ್ದಳು. ಚಿಕ್ಕಮ್ಮನೊಬ್ಬಳು ಮಲಗಿದ್ದಾಗ ಮನೆಯವರು ತಿಳಿಯದೆ ಅವಳ ಹೊದಿಕೆಯನ್ನೆಳೆದು ಒಗೆದುಬಿಟ್ಟಿದ್ದರಂತೆ. ಅವಳು ಆಮೇಲೆ ಏಳಲೇ ಇಲ್ಲ. ತವರಿನಲ್ಲಿ ಆ ಮಾತನ್ನು ಯಾರೂ ಎತ್ತುವುದಿಲ್ಲ.

ಇಷ್ಟೆಲ್ಲ ತಿಳಿದವಳೇ ತಪ್ಪಿದಳು. ಮಗಳು, ಇನ್ನೂ ಹಲ್ಲು ಬೀಳುವ ವಯಸ್ಸಿನ ಕೂಸು, ಜ್ವರ ಬಂದು ಗಡಗಡ ನಡುಗುತ್ತಿತ್ತು. ಮನೆಯಲ್ಲಿದ್ದ ಕಂಬಳಿ, ದುಪ್ಪಟಿ ಎಲ್ಲ ಹೊದಿಸಿದರೂ ನಡುಕ ನಿಲ್ಲಲಿಲ್ಲ. ಅಕ್ಕ ಕೊನೆಗೆ ತನ್ನದನ್ನೇ ಎಳೆದು ಹಾಕಿದಳು. ತಾಯಿಯ ಮಾತು ನೆನಪಾಗಲಿಲ್ಲವೆಂದಲ್ಲ. ಒಂದು ದಿನ ತಾನೇ, ಏನಾದೀತು ಎಂದುಕೊಂಡಳು. ಹೆತ್ತ ಕರುಳು, ಬೈದು ಏನು ಪ್ರಯೋಜನ?

ಬೆಳಿಗ್ಗೆ ಜ್ವರ ಬಿಟ್ಟಿತ್ತು. ಮಗಳು ಹಾಲು ಕುಡಿಯುತ್ತಾ, "ಅಮ್ಮ, ನನ್ನ ಹಿಂದೆ ಯಾರೋ ಉಸಿರುಬಿಡ್ತಾ ಬರ್ತಿದ್ರು" ಎಂದಿತು. ಅಕ್ಕ ಮಗಳ ಮೇಲಿದ್ದ ಹೊದಿಕೆಯನ್ನು ಸರಕ್ಕನೆ ಎಳೆದುಕೊಂಡಳು.

ಅಂದಿನಿಂದ ಅವಳ ನಿದ್ದೆಯಲ್ಲಿ ದಾರಿಯೇ ಇಲ್ಲವಾಯಿತು. ಕೊರಡಿನಂತೆ ಬಿದ್ದು ಏಳುತ್ತಿದ್ದಳು. ಹೊದಿಕೆಯನ್ನು ಬೀರುವಿನೊಳಗೆ ಬೀಗ ಹಾಕಿಟ್ಟರೂ ಮಗಳು ಕನಸಿಗೆ ಹೋಗುವುದು ನಿಲ್ಲಲಿಲ್ಲ. ಹಗಲಿನಲ್ಲೂ ಹೆಸರು ಹಿಡಿದು ಕೂಗಿದರೆ ಕತ್ತು ತಿರುಗಿಸುತ್ತಿರಲಿಲ್ಲ. ನಿಂತಲ್ಲೇ ನಿಂತು, ಕೂಗಿದವರು ಎದುರಿಗೆ ಬರುವ ತನಕ ಕಾಯುತ್ತಿತ್ತು. ಶಾಲೆಯ ಟೀಚರು ಕಿವಿ ತೋರಿಸಿ ಎಂದು ಹೇಳಿಕಳಿಸಿದರು. ಒಂದು ದಿನ ಜಡೆ ಹಾಕಿಸಿಕೊಳ್ಳುವಾಗ, ಅಲ್ಲೊಂದು ಮೆಟ್ಟಿಲ ಸಾಲಿದೆ, ಇಳಿದಷ್ಟೂ ಇದೆ, ನಾಳೆ ಇನ್ನೂ ಕೆಳಗೆ ಹೋಗುತ್ತೇನೆ ಎಂದಿತು. ಆ ಮೆಟ್ಟಿಲು ಅಕ್ಕನಿಗೂ ಗೊತ್ತು. ಅದರ ಬಳಿ ಹೋದಾಗಲೆಲ್ಲ ಮೇಲಿನ ಮೆಟ್ಟಿಲಿನಿಂದಲೇ ಅವಳು ಹಿಂದೆ ಸರಿದಿದ್ದಳು.

ಅಂಟಿದ್ದನ್ನು ಬಿಡಿಸಲು ಅವಳಿಗೆ ಗೊತ್ತಿದ್ದ ವಿದ್ಯೆ ಒಂದೇ: ಬಿಸಿನೀರು, ಸೋಪು, ಇಸ್ತ್ರಿ. ಹೊದಿಕೆಗೆ ಹತ್ತಿದ ಮಗಳ ವಾಸನೆ ಹೋಗಲಿ, ಆಮೇಲೆ ತಾನು ಹೊದ್ದು ತನ್ನ ವಾಸನೆ ಹತ್ತಿಸಿದರೆ ಅವನು ತನ್ನ ಬೆನ್ನಿಗೇ ಮರಳುತ್ತಾನೆ ಎಂದು ಲೆಕ್ಕ ಹಾಕಿದಳು. ಚಿಕ್ಕಮ್ಮನ ಗತಿ ನೆನಪಿತ್ತು, ಅದಕ್ಕೇ ಮಗಳು ಎಚ್ಚರವಿರುವ ಹೊತ್ತಿಗಾಗಿ ಕಾದಳು. ರಜೆಯ ದಿನ ಬೆಳಿಗ್ಗೆ ಮಗಳು ಬೀದಿಯಲ್ಲಿ ಕುಂಟೆಬಿಲ್ಲೆ ಆಡುವುದನ್ನು ಕಣ್ಣಾರೆ ನೋಡಿ, ಹೊದಿಕೆ ನೆನೆಹಾಕಿದಳು. ಉಜ್ಜಿದಳು, ಹಿಂಡಿದಳು, ಉರಿಬಿಸಿಲಿಗೆ ಹರವಿದಳು. ಆರಿದ ಮೇಲೆ ನಾಲ್ಕೂ ಅಂಚು ಇಸ್ತ್ರಿ ಮಾಡಿ ಮೂಸಿದಳು. ಏನೂ ಇರಲಿಲ್ಲ. ಅವಳ ಕೈಕೆಲಸದಲ್ಲಿ ಎಂದಾದರೂ ಕೊರತೆ ಇತ್ತೇ?

ಊಟಕ್ಕೆ ಕರೆಯಲು ಹೋದರೆ ಬೀದಿಯಲ್ಲಿ ಮಗಳಿಲ್ಲ. ಬಿಸಿಲು ಅಂತ ಆಗಲೇ ಒಳಗೆ ಹೋದಳಲ್ಲ ಎಂದರು ಆಟದ ಹುಡುಗಿಯರು. ನೇತುಹಾಕಿದ ಬಟ್ಟೆಗಳ ಹಿಂದೆ, ಇಸ್ತ್ರಿಗೆ ಬಂದ ಅಂಗಿಗಳ ರಾಶಿಯ ಮೇಲೆ, ಮಗಳು ಮಲಗಿತ್ತು.

ಅಲುಗಾಡಿಸಿದರೂ ಏಳಲಿಲ್ಲ, ಮುಖಕ್ಕೆ ನೀರು ಹಾಕಿದರೂ ಏಳಲಿಲ್ಲ. ಮೂಲೆಮನೆಯ ಡಾಕ್ಟರು ಬಂದು ನಾಡಿ, ಉಸಿರು ಎಲ್ಲ ಸರಿಯಾಗಿದೆ, ಏಳದಿರುವುದೇ ಸರಿಯಿಲ್ಲ, ದೊಡ್ಡಾಸ್ಪತ್ರೆಗೆ ಸೇರಿಸಿ ಎಂದರು. ಗಂಡ ಗಾಡಿ ತರಲು ಓಡಿದ. ನಗುವುದಷ್ಟೇ ಗೊತ್ತಿದ್ದ ಆ ಮನುಷ್ಯ ಚಪ್ಪಲಿ ಕೂಡ ಮೆಟ್ಟಿರಲಿಲ್ಲ.

ಅಕ್ಕ ಹೊದಿಕೆಯನ್ನು ಮೈತುಂಬ ಸುತ್ತಿಕೊಂಡಳು. ಮಗಳಿಗೆ ಹೊದಿಸೋಣವೆಂದರೆ ಅದರ ಮೈ ತಣ್ಣಗಿತ್ತು, ಬೆವರಿ ವಾಸನೆ ಹತ್ತಿಸುವುದು ಅಕ್ಕನಿಂದಲೇ ಆಗಬೇಕಿತ್ತು. ಉರಿಯುವ ಇಸ್ತ್ರಿಪೆಟ್ಟಿಗೆಯ ಮುಂದೆ ನಿಂತು ಸಿಕ್ಕ ಬಟ್ಟೆಯನ್ನೆಲ್ಲ ತೀಡಿದಳು. ಬೆವರು ಹೊದಿಕೆಗೆ ಇಳಿಯಿತು. ಇಷ್ಟು ವರ್ಷ ಅವನು ಹಿಡಿದು ಬಂದದ್ದು ಇದೇ ವಾಸನೆ, ಇದಕ್ಕೆ ಬರಲಿ, ಮಗಳನ್ನು ಕರೆತರಲಿ ಎಂದು ಬೇಡಿಕೊಂಡಳು.

ಅವನು ಬಂದ. ಎಚ್ಚರದಲ್ಲಿ, ಮಟಮಟ ಮಧ್ಯಾಹ್ನದಲ್ಲಿ, ಅವಳ ಕತ್ತಿನ ಮೇಲೆ ಆ ಬಿಸಿಯುಸಿರು ತಾಗಿತು. ಎದುರಿಗೆ ಅಂಗಿಗಳ ಮೇಲೆ ಮಗಳು ಅಲುಗದೆ ಮಲಗಿಯೇ ಇತ್ತು.

"ಅವಳನ್ನ ಎಲ್ಲಿ ಬಿಟ್ಟು ಬಂದೆ?" ಎಂದಳು ಅಕ್ಕ, ತಿರುಗದೆ. "ನಡಿ. ನನ್ನನ್ನ ಅಲ್ಲಿಗೆ ಕರ್ಕೊಂಡು ಹೋಗು."

ಅವನು ಭುಜ ತಳ್ಳಲಿಲ್ಲ. ಅವನು ತಳ್ಳುವುದು ಮನೆಯ ಕಡೆಗೆ ಮಾತ್ರ, ಮತ್ತು ಅವನ ಪಾಲಿಗೆ ಅವನು ಮನೆ ಸೇರಿಯಾಗಿತ್ತು.