ಮುನಿಶಾಮಣ್ಣ ಮುಗಿದ ಕೈ

ಮುನಿಶಾಮಣ್ಣನವರ ಎರಡು ಕೈಗಳನ್ನು ಬೇರೆಬೇರೆಯಾಗಿ ನೋಡಿದವರು ಯಲಹಂಕದಲ್ಲಿ ಕಡಿಮೆ. ಎದುರಿಗೆ ಯಾರು ಬಂದರೂ ಅವು ತಾವಾಗಿಯೇ ಕೂಡಿಕೊಳ್ಳುತ್ತಿದ್ದವು. ಓಟುದಾರರಿಗೆ, ದನ ಕಾಯುವವರಿಗೆ, ಒಮ್ಮೆ ಬಸ್ಸೆಂದುಕೊಂಡು ಇಟ್ಟಿಗೆ ಲಾರಿಗೂ ಮುಗಿದಿದ್ದರು. "ಕೈ ಮುಗಿಯೋಕೆ ಕಾಸ್ ಕೊಡ್ಬೇಕಾ ಮೇಷ್ಟ್ರೇ?" ಎನ್ನುತ್ತಿದ್ದರು. ನಾನು ಅಲ್ಲಿನ ಶಾಲೆಯ ಮೇಷ್ಟ್ರು, ಅವರ ಚುನಾವಣಾ ಭಾಷಣಗಳನ್ನು ಬರೆದುಕೊಡುತ್ತಿದ್ದವನು. ಈಗ ಬೀದಿಯಲ್ಲಿ ಜನ ಮುಖ ನೋಡದೆ ಹಾದುಹೋದಾಗಲೆಲ್ಲ ನನಗೆ ಅವರು ಬೇಕೆನಿಸುತ್ತದೆ.

ಎರಡು ಸಲ ಶಾಸಕರಾಗಿ ಮೂರನೆಯ ಸಲ ಸೋತರು. ಇನ್ನೊಬ್ಬರಾಗಿದ್ದರೆ ತೆಪ್ಪಗೆ ಮನೆ ಸೇರುತ್ತಿದ್ದರು. ಇವರು ಸಿನಿಮಾ ತೆಗೆಯಲು ಹೊರಟರು. "ಭಾಷಣ ಮಾಡಿದ್ರೆ ಎದ್ದೋಗ್ತಾರೆ. ಸಿನಿಮಾ ಆದ್ರೆ ಟಿಕೀಟ್ ತಗೊಂಡು ಕೂತ್ಕೋತಾರೆ. ಮಾತು ನೀವೇ ಬರೀರಿ" ಎಂದು ನನ್ನನ್ನೂ ಎಳೆದುಕೊಂಡರು.

ಹುಣಸಮಾರನಹಳ್ಳಿಯ ಕೆರೆ ಏರಿಯ ಮೇಲೆ ಶೂಟಿಂಗು. ಊರಿಗೆ ಮರಳುವ ನಾಯಕನಿಗೆ ಜನ ಕೈ ಮುಗಿಯಬೇಕು. ಊರಿಗೆ ಊರೇ ಬಂದು ನಿಂತಿತ್ತು; ಹೆಂಗಸರ ಸಾಲಿನಲ್ಲಿ ಇವರ ಹೆಂಡತಿ ಅಕ್ಕಯ್ಯಮ್ಮನವರೂ ಇದ್ದರು. ಕ್ಯಾಮೆರಾ ತಿರುಗಿತು, ನಾಯಕ ಬಂದ. ಜನ ಅವನನ್ನು ಕಣ್ಣೆತ್ತಿಯೂ ನೋಡದೆ ಕ್ಯಾಮೆರಾ ಪಕ್ಕ ನಿಂತಿದ್ದ ಮುನಿಶಾಮಣ್ಣನವರಿಗೆ ಕೈ ಮುಗಿದರು. ಇವರೂ ಸುಮ್ಮನಿರದೆ ಸಾಲುಸಾಲಾಗಿ ತಿರುಗಿ ಮುಗಿದರು. ಅದನ್ನು ಕಂಡು ಅಕ್ಕಯ್ಯಮ್ಮ, ಬೇಕೆಂದೇ, ನಗುತ್ತ ಗಂಡನಿಗೆ ಕೈ ಜೋಡಿಸಿದರು. ಇವರು ನಾಚಿ ಮುಖ ತಿರುಗಿಸಿಬಿಟ್ಟರು.

ನಿರ್ದೇಶಕ ತಲೆ ಚಚ್ಚಿಕೊಂಡ. "ಯಜಮಾನ್ರೇ, ನೀವು ದಯವಿಟ್ಟು ಏರಿ ಕೆಳಗೆ ಕೂತ್ಕೊಳ್ಳಿ!" ಇವರು ಕೂತ ಮೇಲೆಯೇ ದೃಶ್ಯ ಸರಿಯಾಗಿ ಬಂದದ್ದು.

ಸಿನಿಮಾ ನಮ್ಮೂರ ಟೆಂಟಿನಲ್ಲೂ ಮೂರು ದಿನ ನಿಲ್ಲಲಿಲ್ಲ. ಅದಕ್ಕೆ ಅವರು ನಕ್ಕುಬಿಟ್ಟರು. ಮರುವರ್ಷ ಅಕ್ಕಯ್ಯಮ್ಮ ತೀರಿಕೊಂಡಾಗ ಮಾತ್ರ ಕುಸಿದುಹೋದರು. ಆಕೆ ಫೋಟೊ ತೆಗೆಸಿಕೊಂಡವರೇ ಅಲ್ಲ. ಸಿನಿಮಾ ಎಡಿಟಿಂಗ್ ನಡೆದಿದ್ದ ಮದರಾಸಿಗೆ ಹೋಗಿ, ಏರಿಯ ಮೇಲೆ ಆಕೆ ಕೈ ಜೋಡಿಸಿದ್ದ, ಬೇಡವೆಂದು ಕತ್ತರಿಸಿದ್ದ ಆ ತುಂಡು ಫಿಲ್ಮನ್ನು ಹುಡುಕಿಸಿ ತಂದರು. ಸಂಜೆ ಟೆಂಟಿನಲ್ಲಿ, ಮೊದಲ ಆಟಕ್ಕೆ ಜನರನ್ನು ಬಿಡುವ ಮುಂಚೆ, ಅದನ್ನು ಹಾಕಿಸಿ ನೋಡುತ್ತಿದ್ದರು.

ನಾನು ಅವರನ್ನು ಕಡೆಯ ಸಲ ನೋಡಿದ್ದೂ ಅಲ್ಲೇ. "ಅಣ್ಣಾ, ಫಿಲ್ಮು ಪೂರಾ ಸವೆದೈತೆ. ಇದೇ ಕೊನೆ" ಎಂದ ಆಪರೇಟರು.

"ಆಕಪ್ಪ" ಎಂದರು.

ಪರದೆಯ ಮೇಲೆ ಅಕ್ಕಯ್ಯಮ್ಮ ನಕ್ಕು ಕೈ ಜೋಡಿಸಿದರು. ಮುನಿಶಾಮಣ್ಣ ಬೆಂಚಿನಿಂದ ಎದ್ದು ನಿಂತರು. "ಊರ್ಗೆಲ್ಲ ಮುಗ್ದೆ ಮೇಷ್ಟ್ರೇ, ಇವ್ಳಿಗೊಂದು ತಿರುಗಿ ಮುಗೀಲಿಲ್ಲ" ಎನ್ನುತ್ತ ಕೈ ಜೋಡಿಸಿದರು. ಅಷ್ಟರಲ್ಲಿ ಫಿಲ್ಮು ಕಿತ್ತುಹೋಯಿತು.

ಪರದೆ ಬೆಳ್ಳಗಾದರೂ ಕೈ ಇಳಿಸಲಿಲ್ಲ. ಪರದೆಯ ಪಕ್ಕದ ಬಾಗಿಲು ತೆರೆದು ಜನ ಒಳಗೆ ನುಗ್ಗಿದರು. ಮುನಿಶಾಮಣ್ಣ ತಮಗೇ ಮುಗಿಯುತ್ತಿದ್ದಾರೆಂದುಕೊಂಡು ಒಬ್ಬೊಬ್ಬರೂ ಅವರಿಗೆ ಕೈ ಮುಗಿದು ಕೂತರು. ಅವತ್ತೊಂದು ದಿನ ಅವರು ಯಾರನ್ನೂ ನೋಡಲಿಲ್ಲ.