ಅಪೀಲು ಮುಗಿಯುವತನಕ ತಿರುಗಿದ ಗಿರಣಿ

ಖಾರ ಕುಟ್ಟುವ ಗಿರಣಿಯ ಮಗ್ಗುಲಲ್ಲೇ ಬೆಳೆದ ನನಗೆ ಸೀನೆಂಬುದೇ ಗೊತ್ತಿರಲಿಲ್ಲ. ಬಂದ ನೆಂಟರು ಸೀನಿದಾಗಲೇ, ಗಾಳಿಯಲ್ಲಿ ಮೆಣಸಿನಕಾಯಿಯ ಪುಡಿ ಇದೆಯೆಂದು ನಮಗೆ ನೆನಪಾಗುತ್ತಿದ್ದುದು. ಎಪ್ಪತ್ತರ ದಶಕದ ಬಬಲೇಶ್ವರ. ಅಪ್ಪ ತೀರಿಕೊಂಡ ಮೇಲೆ ಅವ್ವ, ನೀಲವ್ವ, ಆ ಗಿರಣಿಯನ್ನು ಒಬ್ಬಳೇ ನಡೆಸುತ್ತಿದ್ದಳು. ನಾನು ಅಲ್ಲಿಯೇ ಸಾಲೆಯಲ್ಲಿ ಮಾಸ್ತರಣಿ.

ತಾನೇ ಮಾರಿದ ಖಾರಕ್ಕೆ ಅವ್ವ ತೆರಿಗೆ ಕಟ್ಟಿದ್ದಳು. ಆದರೆ ಜನ ತಂದ ಮೆಣಸಿನಕಾಯಿಯನ್ನು ಕುಟ್ಟಿಕೊಟ್ಟದ್ದೂ ಮಾರಾಟವೇ ಎಂದು ಇಲಾಖೆ ಲೆಕ್ಕ ಹಾಕಿ, ಅದಕ್ಕೂ ತೆರಿಗೆ ಕೇಳಿತು. ಅವ್ವ ಅಪೀಲು ಹಾಕಿದಳು. ಅದು ವಿಚಾರಣೆಗೆ ಬರುವ ಮುನ್ನವೇ ವಸೂಲಿಯವರು ಬಂದು, ಮುಂದಿನ ಸಂತೆಯೊಳಗೆ ಕಟ್ಟದಿದ್ದರೆ ಯಂತ್ರ ಜಪ್ತಿ ಎಂದು ಹೇಳಿಹೋದರು.

ಮರುದಿನವೇ ವಿಜಾಪುರದ ಬಸ್ಸು ಹತ್ತಿದೆವು. ಗಾಂಧಿ ಚೌಕದ ವಕೀಲರು, "ಅಪೀಲು ಹಾಕಿದ್ರ ಅಷ್ಟಕ್ಕ ವಸೂಲಿ ನಿಲ್ಲೂದಿಲ್ರಿ ಅವ್ವಾರ, ತಡೆಯಾಜ್ಞೆ ಬ್ಯಾರೆ ಕೇಳಬೇಕು," ಎಂದು ಅರ್ಜಿ ಬರೆದುಕೊಟ್ಟರು.

ಅಪೀಲಿನ ಅಧಿಕಾರಿಯ ಮುಂದೆ ವಕೀಲರ ಮಾತು ಮುಗಿದ ಮೇಲೆ ಅವ್ವ ಸೆರಗು ಸರಿಪಡಿಸಿಕೊಂಡು ಎದ್ದು ನಿಂತಳು.

"ಸಾಹೇಬ್ರ, ತೆರಿಗಿ ತಪ್ಪಸಾಕ ಬಂದಿಲ್ರಿ. ಕುಟ್ಟಿದ ಕೂಲಿ ಮಾರಾಟ ಹೌದೋ ಅಲ್ಲೋ ನೀವು ಹೇಳ್ರಿ. ಹೇಳೂತನಕ ಮಷೀನು ತಿರುಗಲಿ. ಅದನ್ನ ಹರಾಜು ಹಾಕಿದ ಮ್ಯಾಲೆ ನಾ ಗೆದ್ರ, ಆ ಗೆಲುವು ತಗೊಂಡು ಏನ ಕುಟ್ಟಲಿ?"

ಅಧಿಕಾರಿ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. "ಜಾಮೀನು ತಂದುಕೊಡಿ, ಅಪೀಲು ತೀರ್ಮಾನವಾಗುವವರೆಗೆ ವಸೂಲಿ ನಿಲ್ಲಿಸುತ್ತೇನೆ," ಎಂದರು.

ಜಾಮೀನಿಗೆ ಅವ್ವ ಹೋದದ್ದು ಊರಿನ ಇನ್ನೊಂದು ಗಿರಣಿಯ ಮಲ್ಲಪ್ಪನ ಮನೆಗೆ. ವ್ಯಾಪಾರದ ಜಿದ್ದಿನಲ್ಲಿ ಅವರಿಬ್ಬರ ಮಾತು ನಿಂತು ವರ್ಷಗಳಾಗಿದ್ದವು. "ಮಲ್ಲಪ್ಪಣ್ಣ, ನನ್ನ ಗಿರಣಿ ಮುಚ್ಚಿದ್ರ ನಿಮಗ ಲಾಭ ಐತ್ರಿ. ಆದ್ರೂ ಕೇಳಾಕ ಬಂದೇನಿ," ಎಂದಳು.

ಆತ ಚಾಪೆ ಹಾಸಿ ಅವ್ವನನ್ನು ಕೂರಿಸಿದ. "ಖರೇ ತಂಗಿ, ನಿನ್ನ ಮಂದಿ ನನ್ನ ಕಡೆ ಬರ್ತಾರ. ಆದ್ರ ಹಂಗ ಬಂದ ಗಿರಾಕಿ ನನಗ ಬ್ಯಾಡ," ಎಂದು, ತನ್ನ ಮನೆಯನ್ನೇ ಜಾಮೀನಿಗೆ ಕೊಟ್ಟ.

ಮಿತ್ರರೇ, 'ತಡೆ' ಎಂಬ ಪದವನ್ನು ನಾನು ಅಲ್ಲಿಯವರೆಗೆ ಅಡ್ಡಿಯೆಂದೇ ತಿಳಿದಿದ್ದೆ. ಒಂದು ತಡೆಯಾಜ್ಞೆ ಒಂದು ಯಂತ್ರವನ್ನು ತಿರುಗಿಸುತ್ತಲೇ ಇಡಬಲ್ಲದು. ತಡೆಯುವುದೆಂದರೆ ತಾಳಿಕೊಳ್ಳುವುದೂ ಹೌದು. ಸೋಲೋ ಗೆಲುವೋ ಗೊತ್ತಿಲ್ಲದ ಆ ತಿಂಗಳುಗಳಲ್ಲಿ ಅವ್ವ ದಿನವೂ ಬೆಳಿಗ್ಗೆ ತಲೆಯೆತ್ತಿ ಬಾಗಿಲು ತೆರೆದಳಲ್ಲ, ನನ್ನ ಹೆಮ್ಮೆಯೆಲ್ಲ ಅದಕ್ಕೇ.

ತೀರ್ಪು ಅವಳ ಪರವಾಗಿಯೇ ಬಂತು. ಯಂತ್ರದ ಸದ್ದಿನ ನಡುವೆ ನಾನು ಅದನ್ನು ಕೂಗಿ ಓದಿದೆ. ಅವ್ವ ನಗಲಿಲ್ಲ, ಅಳಲಿಲ್ಲ. ಕೈಯ ಖಾರ ಕೊಡವಿ, ಬೀದಿಯತ್ತ ಮುಖ ಮಾಡಿ ಹೇಳಿದಳು:

"ಮೊದಲ ಮಲ್ಲಪ್ಪಣ್ಣಗ ಹೇಳಿ ಬಾ. ಅವರ ಮನಿ ಬಿಡುಗಡಿ ಆತು."